ಮೇಜಿನ ನಡುವಿನ ಸಂದು

ಫಿಲಡೆಲ್ಫಿಯಾ
ಅಕ್ಟೋಬರ್ ತಿಂಗಳ ಎರಡನೇ ಭಾನುವಾರ, ಬೆಳಿಗ್ಗೆ

ಪ್ರೀತಿಯ ತೆರೆಸಾ,

ಮೊದಲು ಖರ್ಚು ಹೇಳಿಬಿಡುತ್ತೇನೆ, ಕ್ಷೇಮಸಮಾಚಾರ ಆಮೇಲೆ. ನಿನ್ನೆಯ ಪ್ರವಾಸಕ್ಕೆ ಹೋದದ್ದು ಇಷ್ಟು: ಒಂದು ಟ್ಯಾಂಕ್ ಡೀಸೆಲ್, ಬಸ್ಸು ತುಂಬ ಜನರ ಊಟ, ಹಳೇ ಪೇಟೆಯಲ್ಲಿ ತಪ್ಪು ಜಾಗದಲ್ಲಿ ನಿಲ್ಲಿಸಿದ್ದಕ್ಕೆ ದಂಡ, ಒಂದು ಪೊಟ್ಟಣ ಗುಲಾಬಿ ಮಿಠಾಯಿ, ಒಂದು ಟೋಪಿ, ಮತ್ತು ಇಷ್ಟು ವರ್ಷ ಜೋಪಾನವಾಗಿ ಕಾಪಾಡಿಕೊಂಡು ಬಂದಿದ್ದ ನನ್ನ ಹಟ. ಮೊದಲ ಮೂರನ್ನು ಕಂಪನಿಯ ಲೆಕ್ಕಕ್ಕೆ ಬರೆದಿದ್ದೇನೆ. ಕೊನೆಯದನ್ನು ನಿನ್ನ ಲೆಕ್ಕಕ್ಕೆ ಹಾಕಿದ್ದೇನೆ. ಬೇಡ ಅನ್ನಬೇಡ.

ನೀನು ನದಿ ದಾಟಿ ತಂಗಿಯ ಮನೆ ಸೇರಿ ಎರಡು ಚಳಿಗಾಲ ಕಳೆಯಿತು. ಸಂಸಾರ ಬಿಟ್ಟರೂ ನಮ್ಮ ಪ್ರವಾಸಿ ಬಸ್ಸಿನ ಬುಕಿಂಗ್ ಬಿಡಲಿಲ್ಲ, ಅದಕ್ಕೆ ನಾನು ಋಣಿ. ನೀನಿಲ್ಲದೆ ನನ್ನ ಬಸ್ಸಿನಲ್ಲಿ ನಾನೊಬ್ಬನೇ ಪ್ರಯಾಣಿಕ. ಆದರೆ ಹೊರಡುವ ದಿನ ಬಾಗಿಲಲ್ಲಿ ನಿಂತು ನೀನು ಹೇಳಿದ್ದನ್ನು ನಾನು ಮರೆತಿಲ್ಲ. "ನಿನ್ನ ತಾಯಿಯ ಊರನ್ನ ಊರವರಿಗೆಲ್ಲ ಕಿಟಕಿಯಿಂದ ತೋರಿಸ್ತೀಯ. ನೀನು ಮಾತ್ರ ಬಸ್ಸಿಂದ ಇಳಿಯಲ್ಲ. ನಿನ್ನ ತಾಯಿ ಜೊತೆ ಒಂದು ತುತ್ತು ಉಂಡು ಬಾ, ಆಮೇಲೆ ನಾನು ವಾಪಸ್ ಬರೋ ಮಾತು" ಅಂದೆ.

ಈಗ ನಿನ್ನೆಯ ಕತೆ. ಬೆಳಿಗ್ಗೆ ಊರೊಳಗಿನ ಅರ್ಧ ದಿನ ಎಂದಿನಂತೆಯೇ ನಡೆಯಿತು. ಇಟ್ಟಿಗೆ ಗಲ್ಲಿಗಳು, ದೇಶದ ಸ್ವಾತಂತ್ರ್ಯ ಘೋಷಣೆಗೆ ಸಹಿ ಹಾಕಿದ ಸಭಾಂಗಣ, ಕೊನೆಗೆ ಬಿರುಕು ಬಿಟ್ಟ ಆ ಹೆಸರುವಾಸಿ ಸ್ವಾತಂತ್ರ್ಯದ ಗಂಟೆ. ಗಂಟೆಯ ಮುಂದೆ ನಾನು ಹೇಳುವುದು ನಿನಗೆ ಬಾಯಿಪಾಠ: "ಬಿರುಕು ನೋಡೋಕೆ ಇಷ್ಟು ದೂರ ಬಂದ್ರಿ, ಆದ್ರೆ ನಿಮಗೆ ಕಾಣ್ತಿರೋ ಈ ಅಗಲವಾದ ಸೀಳು ಬಿರುಕಲ್ಲ ಸ್ವಾಮಿ, ರಿಪೇರಿ. ಮೊದಲು ಬಿದ್ದದ್ದು ಕೂದಲೆಳೆಯಷ್ಟು. ಎರಡು ಅಂಚು ಒಂದಕ್ಕೊಂದು ತಿಕ್ಕಿ ಕರ್ಕಶ ಸದ್ದು ಬರ್ತಿತ್ತು. ತಿಕ್ಕದೇ ಇರ್ಲಿ ಅಂತ ಕೆಲಸಗಾರರೇ ಕೊರೆದು ಅಗಲ ಮಾಡಿದ್ರು." ಎಲ್ಲರೂ ನಕ್ಕರು. ನೆಬ್ರಾಸ್ಕಾದಿಂದ ಬಂದಿದ್ದ ಹ್ಯಾಸ್ಕೆಲ್ ಎಂಬ ಮುದುಕ ಮಾತ್ರ ನಗಲಿಲ್ಲ. ಅವನು ನಿವೃತ್ತ ಬಡಗಿ. ಅಡ್ಡಗಂಬಿಯ ಮೇಲೆ ಬಾಗಿ, "ನನ್ನ ಕೈಗೆ ಕೊಟ್ಟಿದ್ರೆ ಸಂದೇ ಕಾಣದ ಹಾಗೆ ಕೂರಿಸಿಬಿಡ್ತಿದ್ದೆ" ಅಂದ. ಆಗಲೇ ನಾನು ಎಚ್ಚರ ಆಗಬೇಕಿತ್ತು.

ಆಮಿಶ್ ಹಳ್ಳಿಯ ಅರ್ಧ ದಿನಕ್ಕೆ ಮೈಕು ಹಿಡಿಯುವ ಓಡೆಲ್ ಬೆಳಿಗ್ಗೆಯೇ ಫೋನ್ ಮಾಡಿ ಕೆಮ್ಮಿದ್ದ. ಮೂವತ್ತು ಜನಕ್ಕೆ ಕೇಳುವಂತೆ ಕೆಮ್ಮಿದ. ನೀವಿಬ್ಬರೂ ಸೇರಿ ಮಾಡಿದ ಕೆಮ್ಮು ಅದು ಎಂದು ಈಗ ಗೊತ್ತು. ಹಾಗಾಗಿ ಬಸ್ಸು ಓಡಿಸುವವನೂ ನಾನೇ, ಮಾತಾಡುವವನೂ ನಾನೇ. ಟೋಪಿ ಹುಬ್ಬಿನವರೆಗೆ ಎಳೆದುಕೊಂಡು ಹೊರಟೆ. ಜೋಳ ಕುಯ್ದಾಗಿತ್ತು. ಕಾರು, ಕರೆಂಟು ಬೇಡವೆನ್ನುವ ನಮ್ಮ ಆಮಿಶ್ ಜನರ ಬೂದು ಬಣ್ಣದ ಕುದುರೆಗಾಡಿಗಳು ರಸ್ತೆಯಂಚಿನಲ್ಲಿ ಸಾಗುತ್ತಿದ್ದವು. ಹಗ್ಗದ ಮೇಲೆ ಕಪ್ಪು ಪ್ಯಾಂಟುಗಳು ದೊಡ್ಡದರಿಂದ ಚಿಕ್ಕದಕ್ಕೆ ಸಾಲಾಗಿ ಒಣಗುತ್ತಿದ್ದವು. ಅವರಿಗೆ ಅದು ನಿಷಿದ್ಧ, ಫೋಟೋ ತೆಗೀಬೇಡಿ ಅಂದೆ, ಒಬ್ಬಾಕೆ ತೆಗೆದಳು, ಇನ್ನೊಮ್ಮೆ ಅಂದೆ. ನಾಲ್ಕು ರಸ್ತೆ ಕೂಡುವಲ್ಲಿ ಪ್ರವಾಸಿಗಳಿಗೆ ದುಡ್ಡಿಗೆ ಊಟ ಹಾಕುವ ಮನೆಯ ವಿಳಾಸ ನೋಡಲು ನೀನು ಕಳಿಸಿದ ಬುಕಿಂಗ್ ಹಾಳೆ ಬಿಡಿಸಿದೆ. ಎಂದಿನಂತೆ ಹ್ಯೂಯಾರ್ಡ್ ಅವರ ಮನೆ ಅಂದುಕೊಂಡಿದ್ದೆ. ಹಾಳೆಯಲ್ಲಿ ಇದ್ದದ್ದು ಲವೀನಾ ಪೀಟರ್ಶೈಮ್. ನನ್ನ ಅಕ್ಕ. ಅಮ್ಮ ಇರುವುದು ಅವಳ ಜೊತೆ.

ಬಸ್ಸು ತಿರುಗಿಸಬಹುದಿತ್ತು. ಹಿಂದೆ ಹಸಿದ ಜನ ಕೂತಿದ್ದರು. ಹಸಿದವರನ್ನು ವಾಪಸ್ ಕರೆದುಕೊಂಡು ಹೋದ ಕಂಪನಿ ಉದ್ಧಾರವಾದದ್ದು ನಾನು ನೋಡಿಲ್ಲ. ನಡೆಸಿದೆ.

ನಿನಗೆ ಗೊತ್ತಿರುವುದೇ, ಆದರೂ ಬರೆಯುತ್ತೇನೆ, ಯಾಕೆಂದರೆ ಇದನ್ನು ನಾನು ನಿನಗೆ ಪೂರ್ತಿ ಹೇಳಿದ್ದೇ ಇಲ್ಲ. ಹುಟ್ಟಿದ್ದಕ್ಕೆ ಯಾರೂ ಆಮಿಶ್ ಸಭೆಗೆ ಸೇರುವುದಿಲ್ಲ. ದೊಡ್ಡವರಾದ ಮೇಲೆ ಮೊಣಕಾಲೂರಿ ಮಾತು ಕೊಟ್ಟು ಸೇರಬೇಕು. ನಾನು ಕೊಟ್ಟೆ. ಮರುವರ್ಷ ಪೇಟೆಯ ಮಾರುಕಟ್ಟೆಯಲ್ಲಿ ನಮ್ಮ ಪೈ ಅಂಗಡಿಯ ಎದುರಿಗೆ ನೀನು ಮೀನು ತೂಗುತ್ತಾ ನಿಂತಿದ್ದೆ. ನಾನು ಸಭೆ ಬಿಟ್ಟು ನಿನ್ನ ಹಿಂದೆ ಬಂದೆ. ಮಾತು ಕೊಟ್ಟು ಬಿಟ್ಟು ಹೋದವನ ಜೊತೆ ಸಭೆಯವರು ಒಂದೇ ಮೇಜಿನಲ್ಲಿ ಉಣ್ಣುವಂತಿಲ್ಲ. ಅವನ ಕೈಯಿಂದ ಏನನ್ನೂ ತೆಗೆದುಕೊಳ್ಳುವಂತಿಲ್ಲ. ಮಾತಾಡಬಹುದು, ಹಸಿದಿದ್ದರೆ ಕೊಡಬಹುದು, ಬಿದ್ದರೆ ಎತ್ತಬಹುದು. ಅವರಿಂದ ನನಗೆ ಬರುತ್ತದೆ, ನನ್ನಿಂದ ಅವರಿಗೆ ಹೋಗುವುದಿಲ್ಲ. ಒಮ್ಮುಖ ರಸ್ತೆ. ಬಸ್ಸು ಓಡಿಸುವವನಿಗೆ ಇಷ್ಟು ಅರ್ಥವಾಗುತ್ತದೆ.

ಲವೀನಾ ಬಾಗಿಲಲ್ಲಿ ನಿಂತಿದ್ದಳು. ಕೂದಲು ನೆರೆತಿದೆ, ನಾಲಿಗೆ ನೆರೆತಿಲ್ಲ. ಬಂದವರನ್ನೆಲ್ಲ ಒಳಗೆ ಕಳಿಸಿ ನನ್ನ ಕಡೆ ತಿರುಗಿ ನಮ್ಮ ಭಾಷೆಯಲ್ಲಿ, "ಬಂದ್ಯಾ? ಹೊಟ್ಟೆ ಬಂದಿದೆ ನಿನಗೆ. ಬಸ್ಸಲ್ಲೇ ಕೂತು ಬ್ರೆಡ್ಡು ಕಚ್ಚೋ ಯೋಚನೆ ಇದ್ರೆ ಈಗ್ಲೇ ಹೇಳು, ನನಗೊಂದು ತಟ್ಟೆ ತೊಳೆಯೋದು ತಪ್ಪತ್ತೆ" ಅಂದಳು.

"ನಾನು ಇಲ್ಲೇ ಅಂಗಳದಲ್ಲಿ..." ಅಂದೆ.

"ಅಂಗಳದಲ್ಲಿ ಕೋಳಿ ಉಣ್ಣತ್ತೆ. ಟೋಪಿ ತೆಗೆದು ಗೂಟಕ್ಕೆ ಹಾಕು, ಕೈ ತೊಳ್ಕೊ."

ಪಕ್ಕದಲ್ಲಿದ್ದ ಹ್ಯಾಸ್ಕೆಲ್ ನನ್ನ ಬೆನ್ನು ತಟ್ಟಿ, "ಅಬ್ಬಾ, ಇವರ ಭಾಷೇನೂ ಕಲ್ತಿದ್ದೀರಲ್ಲ! ಎಷ್ಟು ವರ್ಷ ಹಿಡೀತು?" ಅಂತ ಕೇಳಿದ. ಮರೆಯೋಕೆ ಹೆಚ್ಚು ಹಿಡೀತು ಅಂದೆ. ಅವನಿಗೆ ಕೇಳಿಸಲಿಲ್ಲ, ಬಾಗಿಲ ಚೌಕಟ್ಟಿನ ಕೀಲು ನೋಡುತ್ತಿದ್ದ.

ಒಳಗೆ ಉದ್ದದ ಊಟದ ಮೇಜು, ಅದರ ಮೇಲೆ ಒಂದೇ ಬಿಳಿ ಬಟ್ಟೆ. ಆ ತುದಿಯಲ್ಲಿ ಅಮ್ಮ ಕೂತಿದ್ದಳು. ಊಟಕ್ಕೆ ಬಂದವರ ಜೊತೆ ಉಣ್ಣುವುದು ಅವಳ ಪದ್ಧತಿ. ಬಡಿಸಿ ನಿಂತು ನೋಡುವುದು ಅವಳಿಗೆ ಆಗದು. ಎಷ್ಟು ಚಿಕ್ಕವಳಾಗಿಬಿಟ್ಟಿದ್ದಾಳೆ ತೆರೆಸಾ, ಕುರ್ಚಿಯೇ ಅವಳನ್ನು ಎತ್ತಿ ಹಿಡಿದ ಹಾಗಿತ್ತು. ಅವಳ ಪಕ್ಕದ ಕುರ್ಚಿ ಖಾಲಿ. ಲವೀನಾ ಗಲ್ಲದಿಂದ ಅದನ್ನು ತೋರಿಸಿದಳು. ನಾನು ಹೋಗಿ ಕೂತೆ. ಕೂತು ಬಟ್ಟೆಯ ಮೇಲೆ ಕೈ ಇಟ್ಟಾಗ ತಿಳಿಯಿತು. ನನ್ನ ತಟ್ಟೆಗೂ ಅಮ್ಮನ ತಟ್ಟೆಗೂ ನಡುವೆ ಬಟ್ಟೆಯ ಕೆಳಗೆ ಹೆಬ್ಬೆರಳು ಇಳಿಯುವಷ್ಟು ಸಂದು. ಅದು ಒಂದು ಮೇಜಲ್ಲ. ಎರಡು ಮೇಜು, ನಡುವೆ ಜಾಗ ಬಿಟ್ಟು, ಮೇಲೆ ಒಂದೇ ಬಟ್ಟೆ. ಅಮ್ಮ ಅವಳ ಮೇಜಿನಲ್ಲಿ, ನಾನು ನನ್ನದರಲ್ಲಿ. ಸಭೆಗೆ ಕೊಟ್ಟ ಮಾತೂ ಉಳಿಯಿತು, ಮಗನೂ ಮೊಣಕೈ ತಾಗುವಷ್ಟು ಹತ್ತಿರ ಬಂದ.

ನಾನು ಬದುಕಿನಲ್ಲಿ ಬಹಳ ಒಪ್ಪಂದ ಮಾಡಿದ್ದೇನೆ. ವಕೀಲರನ್ನಿಟ್ಟುಕೊಂಡು ಮಾಡಿದ್ದೇನೆ. ಇಷ್ಟು ಚೊಕ್ಕವಾದ ಒಪ್ಪಂದವನ್ನು ಯಾರೂ ಮಾಡಿದ್ದು ನೋಡಿಲ್ಲ. ಎಂಟನೇ ತರಗತಿಗೆ ಶಾಲೆ ಬಿಟ್ಟ ಅಕ್ಕ ಒಂದು ಬಟ್ಟೆ ಹಾಸಿ ಮುಗಿಸಿಬಿಟ್ಟಿದ್ದಳು.

ಎಲ್ಲರೂ ತಲೆ ಬಗ್ಗಿಸಿ ಮೌನವಾಗಿ ಪ್ರಾರ್ಥಿಸಿದೆವು. ಹುರಿದ ಕೋಳಿ, ಬೆಣ್ಣೆ ಕಂದಿಸಿ ಸುರಿದ ನೂಡಲ್ಸು, ಹುಳಿ ತರಕಾರಿ ಬಂದವು. ಅಮ್ಮ ನನ್ನ ಕಡೆ ನೋಡದೆ, "ಇವತ್ತು ನೂಡಲ್ಸಿಗೆ ಉಪ್ಪು ಕಮ್ಮಿ, ಲವೀನಾಗೆ ಹೇಳಬೇಡ" ಅಂದಳು. ಇಷ್ಟು ವರ್ಷಗಳ ಮೇಲೆ ಅವಳ ಮೊದಲ ಮಾತು ಅದು.

ನಾನು ಫೋರ್ಕ್ ಎತ್ತುವುದರೊಳಗೆ ಹ್ಯಾಸ್ಕೆಲ್ ನಮ್ಮಿಬ್ಬರ ಎದುರಿಂದ ಕೈ ಚಾಚಿ ನೀರಿನ ಲೋಟ ಇಟ್ಟ. ಸರಿಯಾಗಿ ಸಂದಿನ ಮೇಲೆ. ಲೋಟ ವಾಲಿ ನೀರು ಚೆಲ್ಲಿತು. "ಓಹೋ, ಇಲ್ಲಿ ಕೂಡ್ಕೊಂಡಿಲ್ಲ! ಏಳಬೇಡಿ, ಯಾರೂ ಏಳಬೇಡಿ" ಎಂದವನೇ ಮೇಜಿನ ಬಟ್ಟೆಯ ಕೆಳಗೆ ನುಗ್ಗಿದ. ನಾನು ಬೇಡ ಎನ್ನುವುದರೊಳಗೆ ಭುಜ ಕೊಟ್ಟು ನೂಕಿದ. ಎರಡು ಮೇಜೂ ಟಕ್ಕೆಂದು ಕೂಡಿಕೊಂಡವು. ಕೆಂಪು ಮುಖ ಹೊತ್ತು ಮೇಲೆ ಬಂದು, "ಈಗ ನೋಡಿ, ಕೂದಲು ತೂರಲ್ಲ!" ಅಂದ. ಜನ ಚಪ್ಪಾಳೆ ತಟ್ಟಿದರು.

ಲವೀನಾ ಬಟ್ಟಲು ಹಿಡಿದು ನಿಂತಲ್ಲೇ ನಿಂತಳು. ಈಗ ಅದು ಒಂದೇ ಮೇಜು. ನಾನು ಅಲ್ಲಿ ಕೂತಿದ್ದರೆ ಅಮ್ಮ ಉಣ್ಣುವಂತಿಲ್ಲ. ಮತ್ತೆ ಬೇರೆ ಮಾಡಿ ಎಂದರೆ ಇಡೀ ಬಸ್ಸಿಗೆ ಕಾರಣ ಹೇಳಬೇಕು. ಊಟಕ್ಕೆ ಬಂದ ಪರಸ್ಥಳದವರ ಮುಂದೆ ಮನೆಯ ಗಾಯ ತೆರೆದು ತೋರಿಸುವುದು ಆ ಮನೆಯಲ್ಲಿ ಆಗದ ಮಾತು. ನಾನು ನ್ಯಾಪ್ಕಿನ್ ಮಡಚಿದೆ. "ಬಸ್ಸಿನ ಟೈರು ಸ್ವಲ್ಪ ನೋಡ್ಬೇಕು" ಎಂದು ಎದ್ದೆ. ಒಂದು ತುತ್ತೂ ಬಾಯಿಗೆ ಹೋಗಿರಲಿಲ್ಲ.

"ಕೂತ್ಕೊ" ಅಂದಳು ಅಮ್ಮ.

ಕೂತೆ. ಅವಳು ಕುರ್ಚಿಯನ್ನು ಒಂದು ಗೇಣು ಹಿಂದಕ್ಕೆ ಸರಿಸಿಕೊಂಡಳು. ಎರಡು ಕೈಯಲ್ಲೂ ತನ್ನ ತಟ್ಟೆ ಎತ್ತಿ ತೊಡೆಯ ಮೇಲಿಟ್ಟುಕೊಂಡಳು. ಏಪ್ರನ್ ಸರಿಮಾಡಿಕೊಂಡಳು. ಲವೀನಾಳನ್ನು ನೋಡಿ, ಹವಾಮಾನದ ವಿಷಯ ಹೇಳುವ ದನಿಯಲ್ಲಿ, "ನನ್ನ ಮಡಿಲು ಯಾರ ಮೇಜೂ ಅಲ್ಲ" ಅಂದಳು. ಮತ್ತೆ ಉಣ್ಣಲು ಶುರುಮಾಡಿದಳು.

ಲವೀನಾ, ಸಭೆಯ ಹಿರಿಯರು ಬಂದು ಕೇಳಿದರೆ ಏನು ಹೇಳುವುದೆಂದು ಲೆಕ್ಕ ಹಾಕುತ್ತಿದ್ದಳು, ಆ ಮುಖ ನನಗೆ ಗೊತ್ತು, ಕನ್ನಡಿಯಲ್ಲಿ ದಿನಾ ನೋಡುತ್ತೇನೆ. ಲೆಕ್ಕ ಸರಿಹೋಯಿತು ಅಂತ ಕಾಣುತ್ತೆ. "ಎಲ್ಲರೂ ಉಣ್ಣಿ, ತಣ್ಣಗಾಗತ್ತೆ" ಅಂದಳು.

ಮುಂದಿನದನ್ನು ನೀನು ನೋಡಬೇಕಿತ್ತು. ಹ್ಯಾಸ್ಕೆಲ್ ಅಮ್ಮನನ್ನು ಗೌರವದಿಂದ ನೋಡಿ, ಇದು ಇಲ್ಲಿನ ಹಿರಿಯರ ಪದ್ಧತಿ ಇರಬೇಕೆಂದು ತಾನೂ ತಟ್ಟೆ ತೊಡೆಗೆ ಇಳಿಸಿಕೊಂಡ. ಅವನ ಹೆಂಡತಿ ಇಳಿಸಿಕೊಂಡಳು. ಫೋಟೋ ತೆಗೆದಾಕೆಯೂ ಇಳಿಸಿಕೊಂಡಳು. ನೋಡನೋಡುತ್ತ ಇಡೀ ಬಸ್ಸು ತಟ್ಟೆಗಳನ್ನು ಮಡಿಲಲ್ಲಿಟ್ಟುಕೊಂಡು ಗಂಭೀರವಾಗಿ ಕೋಳಿ ಕಡಿಯುತ್ತಿತ್ತು. ಅಷ್ಟುದ್ದದ ಮೇಜಿನ ಮೇಲೆ ಉಳಿದದ್ದು ಬಟ್ಟಲುಗಳು ಮತ್ತು ನನ್ನೊಬ್ಬನ ತಟ್ಟೆ. ಅಮ್ಮನ ಭುಜ ಕುಲುಕುತ್ತಿತ್ತು. ಅಳುತ್ತಿದ್ದಾಳೆಂದು ಹೆದರಿ ತಿರುಗಿದೆ. ನಗು ತಡೆಯಲಾರದೆ ಒದ್ದಾಡುತ್ತಿದ್ದಳು. "ನಿನ್ನ ಜನ ಒಳ್ಳೆಯವರು ಕಣೋ ಬೆನುಯೆಲ್. ಸ್ವಲ್ಪ ಪೆದ್ದರು" ಅಂದಳು. ನಾನು ಆಗ ಉಂಡೆ, ತೆರೆಸಾ. ನೂಡಲ್ಸಿಗೆ ಉಪ್ಪು ನಿಜವಾಗಿಯೂ ಕಮ್ಮಿ ಇತ್ತು. ಎರಡು ಸಲ ಹಾಕಿಸಿಕೊಂಡೆ.

ಕಾಕಂಬಿಯ ಪೈ ಬರುವ ಹೊತ್ತಿಗೆ, ಜೇಬಿನಲ್ಲಿ ಹೇಗೋ ಇದ್ದ ಗುಲಾಬಿ ಮಿಠಾಯಿಯ ಪೊಟ್ಟಣ ನೆನಪಾಯಿತು. ನಾವು ಚಿಕ್ಕವರಿದ್ದಾಗ ಪ್ರಾರ್ಥನೆ ಉದ್ದವಾದರೆ ಅಮ್ಮ ಏಪ್ರನ್ನಿನಿಂದ ಇಂಥದ್ದೇ ತೆಗೆದು ಕೊಡುತ್ತಿದ್ದಳು. ನನ್ನ ಕೈಯಿಂದ ಅವಳು ತೆಗೆದುಕೊಳ್ಳುವಂತಿಲ್ಲ. ಮೇಜಿನ ಮೇಲಿಟ್ಟು ಕೈ ಹಿಂದಕ್ಕೆಳೆದುಕೊಂಡೆ. ಅವಳು ಸ್ವಲ್ಪ ಹೊತ್ತು ಬಿಟ್ಟು, ಅಲ್ಲಿ ಯಾರೋ ಮರೆತು ಹೋದದ್ದನ್ನು ಎತ್ತಿಕೊಳ್ಳುವಂತೆ ಎತ್ತಿಕೊಂಡಳು. ಪೊಟ್ಟಣ ಬಿಡಿಸಿ ಒಂದನ್ನು ಬಾಯಿಗೆ ಹಾಕಿಕೊಂಡಳು. ಇನ್ನೊಂದನ್ನು ನನ್ನ ಅಂಗೈಯಲ್ಲಿಟ್ಟು ಬೆರಳು ಮಡಚಿ, ಮಡಚಿದ ಬೆರಳುಗಳನ್ನು ಬಿಡಲಿಲ್ಲ. ಅವಳಿಂದ ನನಗೆ ಬರಬಹುದು, ಅದಕ್ಕೆ ಅಡ್ಡಿಯಿಲ್ಲ.

"ಮೀನಿನ ಅಂಗಡಿಯವಳು ಎಲ್ಲಿ?" ಎಂದು ಕೇಳಿದಳು.

ಆಫೀಸು ನೋಡಿಕೊಳ್ಳುತ್ತಿದ್ದಾಳೆ ಅಂದೆ. ನನ್ನ ಮಾತನ್ನು ಅವಳು ನಂಬಲಿಲ್ಲ. "ಅವಳು ನಮಗೆ ಯಾವ ಮಾತೂ ಕೊಟ್ಟು ಮುರಿದವಳಲ್ಲ. ನನ್ನ ಮೇಜಲ್ಲೇ ಕೂರಬಹುದು. ಅವಳ ಕೈಯಿಂದ ಏನು ಕೊಟ್ರೂ ತಗೊಳ್ತೀನಿ. ನೀನು ಅವಳ ಕೈಗೆ ಕೊಡು, ಅವಳು ನನಗೆ ಕೊಡ್ಲಿ. ಇಷ್ಟು ಬುದ್ಧಿ ನಿನಗೆ ಇಷ್ಟು ವರ್ಷ ಹೊಳೀಲಿಲ್ವಾ?" ಅಂದಳು.

ಹೊಳೆದಿರಲಿಲ್ಲ. ನಾನು ದಿನಾ ಆ ಗಂಟೆಯ ಮುಂದೆ ನಿಂತು, ತಿಕ್ಕದೇ ಇರಲಿ ಅಂತ ಬಿಟ್ಟ ಜಾಗದ ಬಗ್ಗೆ ಕಂಡವರಿಗೆಲ್ಲ ಪಾಠ ಹೇಳುವವನು.

ಈಗ ಲೆಕ್ಕ ಮುಗಿಸುತ್ತೇನೆ. ಹ್ಯಾಸ್ಕೆಲ್‌ಗೆ ಸಿಕ್ಕಿದ್ದು: ಒಂದು ಮನೆಯ ಮೇಜು ರಿಪೇರಿ ಮಾಡಿದ ಸಂತೋಷ. ಆಮಿಶ್ ಹಿರಿಯರು ಮಡಿಲಲ್ಲಿ ಉಣ್ಣುತ್ತಾರೆಂದು ಈಗಾಗಲೇ ಊರಿಗೆ ಫೋನ್ ಮಾಡಿದ್ದಾನೆ, ನಾನು ತಿದ್ದಲು ಹೋಗಲಿಲ್ಲ. ಓಡೆಲ್‌ಗೆ: ಒಂದು ದಿನದ ರಜೆ ಮತ್ತು ನನ್ನಿಂದ ಬೈಗುಳ. ಲವೀನಾಗೆ: ಊಟದ ದುಡ್ಡು, ಅದನ್ನೂ ಮೇಜಿನ ಮೇಲಿಟ್ಟೆ, ಎಣಿಸಿ ತಗೊಂಡಳು. ಅಮ್ಮನಿಗೆ: ಮಿಠಾಯಿ, ಮತ್ತು ಗೂಟದ ಮೇಲೆ ನಾನು ಬಿಟ್ಟು ಬಂದ ಟೋಪಿ. ನನಗೆ: ಉಪ್ಪು ಕಮ್ಮಿಯ ಒಂದು ಊಟ. ನಿನಗೆ: ಅಮ್ಮನ ಮೇಜಿನಲ್ಲಿ ಒಂದು ಕುರ್ಚಿ, ನನಗೆ ಸಿಗದೇ ಇರುವಂಥದ್ದು.

ನಿನ್ನ ಷರತ್ತು ಮುಗಿಸಿದ್ದೇನೆ,
ಬೆನುಯೆಲ್

ಮರೆತದ್ದು: ನಾಲ್ಕು ರಸ್ತೆಯ ಹತ್ತಿರ ಹಾಳೆ ಬಿಡಿಸಿದ ಮೇಲೆಯೇ ವಿಳಾಸ ಗೊತ್ತಾಯಿತು ಎಂಬಂತೆ ಮೇಲೆ ಬರೆದೆನಲ್ಲ, ಅದನ್ನು ಹೊಡೆದುಹಾಕು. ನಿನ್ನ ಹಾಳೆ ಬಂದ ಶುಕ್ರವಾರವೇ ಓದಿದ್ದೆ. ಇಲ್ಲದಿದ್ದರೆ ಬಸ್ಸು ಓಡಿಸುವ ನಾನು ನಿನ್ನೆ ಇಸ್ತ್ರಿ ಮಾಡಿದ ಬಿಳಿ ಅಂಗಿ ಯಾಕೆ ಹಾಕಿಕೊಂಡು ಹೋಗುತ್ತಿದ್ದೆ? ಮಿಠಾಯಿಯೂ ಜೇಬಿನಲ್ಲಿ ಹೇಗೋ ಇದ್ದದ್ದಲ್ಲ. ಮಾರುಕಟ್ಟೆಗೆ ಹೋಗಿ ಸಾಲಿನಲ್ಲಿ ನಿಂತು ತಂದೆ, ನೀನು ಆಗ ನಿಲ್ಲುತ್ತಿದ್ದ ಜಾಗದ ಎದುರಿಗೇ. ಟೋಪಿಯನ್ನೂ ಮರೆತು ಬಿಟ್ಟು ಬಂದದ್ದಲ್ಲ. ಮುಂದಿನ ಶನಿವಾರ ಅದನ್ನು ತರಲು ಹೋಗಬೇಕು. ನನ್ನ ಕೈಯಲ್ಲಿ ಇನ್ನೂ ಒಂದು ಪೊಟ್ಟಣ ಇದೆ. ಅದನ್ನು ಅಮ್ಮನ ಕೈಗೆ ಕೊಡಲು ಒಬ್ಬರು ಬೇಕು.