ತಮ್ಮನ ಹೆಸರಿನಲ್ಲಿ ಆಡಿದವನಿಗೆ

ಸಾನ್ ಪೆದ್ರೋ ದೆ ಮಕೊರೀಸ್
ನವೆಂಬರ್ ೧

ಮಗ ಎಲಾದಿಯೋಗೆ,

ಈ ಹೆಸರಿನಿಂದ ನಿನ್ನನ್ನು ಯಾರಾದರೂ ಕರೆದು ಬಹಳ ಕಾಲವಾಯಿತು, ಬೆಚ್ಚಿಬೀಳಬೇಡ. ಮೊಣಕೈ ನೋವು ಹೇಗಿದೆ? ಮಯಾಮಿಯ ಡಾಕ್ಟರು ಕೊಟ್ಟ ಮುಲಾಮು ಹಚ್ಚುತ್ತೀಯೋ ಇಲ್ಲವೋ? ನಿನ್ನ ಮೇಲೆ ಕೆಂಡದಂಥ ಕೋಪವಿದೆ, ಆದರೂ ಕೇಳುತ್ತೇನೆ. ಹೆತ್ತವರಿಗೆ ಹೆಗ್ಗಣ ಮುದ್ದು. ನಾನು ಚೆನ್ನಾಗಿದ್ದೇನೆ. ಮೊನ್ನೆ ಫೋನಿನಲ್ಲಿ ನೀನಾಡಿದ ಮಾತು ಕೇಳಿದ ಮೇಲೆ ಫೋನು ಮುಟ್ಟಿಲ್ಲ, ಅಷ್ಟೆ.

ಇಲ್ಲಿ ನಿನ್ನದೇ ಜಪ. ಹೊಸ ಬೇಸ್‌ಬಾಲ್ ಮೈದಾನಕ್ಕೆ ‘ಫೌಸ್ತೋ ಕಾಬ್ರಾಲ್’ ಎಂದು ಹೆಸರಿಡುತ್ತಾರಂತೆ, ಪರದೆ ಎಳೆಯಲು ನಮ್ಮಿಬ್ಬರನ್ನೂ ಕರೆದಿದ್ದಾರೆ. ಓಣಿಯಲ್ಲಿ ಯಾವ ತಾಯಿ ಮಗನನ್ನು ಊಟಕ್ಕೆ ಕೂಗಿದರೂ ಫೌಸ್ತೋ. ತಪ್ಪೇನಿಲ್ಲ, ನೀನು ಆಡಿದ್ದೇ ಹಾಗೆ. ಕಾಲುಚೀಲ ಸುತ್ತಿ ಚೆಂಡು ಮಾಡಿಕೊಂಡು ಕಬ್ಬಿನ ಗದ್ದೆಯಂಚಲ್ಲಿ ಆಡುತ್ತಿದ್ದವನು ಅಮೆರಿಕದ ಫೈನಲ್‌ನಲ್ಲಿ ನೆಲಕ್ಕುರುಳಿ, ಮೊಣಕಾಲ ಮೇಲಿಂದಲೇ ಚೆಂಡೆಸೆದು ಕೊನೆಯವನನ್ನು ಔಟ್ ಮಾಡಿದೆ. ಅವತ್ತು ಊರೆಲ್ಲ ಪಾತ್ರೆ ಬಡಿದು ಕುಣಿಯಿತು. ಅಲ್ಲಿಯ ಕೋಟ್ಯಧಿಪತಿಗಳು ಚಳಿಗಾಲದಲ್ಲಿ ಮನೆಯಲ್ಲಿ ಮಲಗಿದ್ದರೆ ನೀನು ಬಂದು ನಮ್ಮೂರ ತಂಡಕ್ಕೆ ಆಡಿದೆ. ಜನ ಹೊತ್ತು ಮೆರೆಸಿದ್ದಕ್ಕೆ ನನಗೆ ಹೊಟ್ಟೆಯುರಿಯಿಲ್ಲ. ಆದರೆ ಅವರು ‘ಫೌಸ್ತೋ, ಫೌಸ್ತೋ’ ಎಂದು ಕೂಗಿದಾಗಲೆಲ್ಲ ನನ್ನ ಕಣ್ಣಿಗೆ ಬಂದವನು ನೀನಲ್ಲ. ನಾಲ್ಕರ ವಯಸ್ಸಿನಲ್ಲಿ, ಜ್ವರ ಬಂದು ನನ್ನ ಮಡಿಲಲ್ಲೇ ಹೋದ ನಿನ್ನ ತಮ್ಮ.

ಆಟಗಾರರನ್ನು ಹುಡುಕಿ ಮಾರುವ ದಲ್ಲಾಳಿ ತೋನ್ಯೋ ನಮ್ಮ ಅಂಗಳದಲ್ಲಿ ಕೂತು ಹೇಳಿದ್ದು ಮರೆತೆಯಾ? “ಹತ್ತೊಂಬತ್ತರ ಹುಡುಗನ್ನ ಯಾರು ಮೂಸ್ತಾರೆ, ದೋನ್ಯಾ ಎರ್ಸಿಲಿಯಾ? ಹದಿನಾರು ಅಂದ್ರೆ ಬಂಗಾರ. ಸಣ್ಣವನು ಸತ್ತಿದ್ದು ಸರ್ಕಾರಕ್ಕೆ ಗೊತ್ತೇ ಇಲ್ಲ, ಹೆಸರು ಸುಮ್ನೆ ಬಿದ್ದಿದೆ.” ಹಾಗೆ ವಯಸ್ಸು ಇಳಿಸಿಕೊಂಡು ಹೋದವನು ಊರಲ್ಲಿ ನೀನೊಬ್ಬನೇ ಅಲ್ಲ, ಗೊತ್ತು. ಆಟ ಮುಗಿದ ದಿನ ಹೆಸರು ಹಿಂದಿರುಗಿಸುತ್ತೇನೆ ಎಂದು ಅಲ್ತಾಗ್ರಾಸಿಯಾ ಮಾತೆಯ ಆಣೆ ಇಟ್ಟೆ. ಗುರುತಿನವರ ಕಣ್ಣು ತಪ್ಪಿಸಲು ಸಕ್ಕರೆ ಗಿರಣಿಯ ಕಾಲೊನಿ ಬಿಟ್ಟು ಪಟ್ಟಣಕ್ಕೆ ಬಂದೆವು. ಅಂದಿನಿಂದ ಆ ಮಗುವಿನ ಶಿಲುಬೆ ಹೆಸರಿಲ್ಲದೆ ಬೋಳು. ಸತ್ತವರ ಹಬ್ಬಕ್ಕೆ ಎಲ್ಲರೂ ಸಮಾಧಿಗೆ ಸುಣ್ಣ ಬಳಿದು ಹೆಸರು ತಿದ್ದಿ ಬರೆಯುತ್ತಾರೆ. ನಾನು ಮೇಣದಬತ್ತಿ ಹಚ್ಚಿ, ಕೇಳಿದವರಿಗೆ “ನೆಂಟರ ಕೂಸು” ಎಂದು ಹೇಳಿ ಬರುತ್ತೇನೆ. ಹೆತ್ತ ಮಗನನ್ನು!

ಈಗ ಆಟ ಬಿಟ್ಟೆ. ಮೊನ್ನೆ ಫೋನಿನಲ್ಲಿ ಆ ಮಾತು ನೆನಪಿಸಿದರೆ ಏನಂದೆ? “ದೊಡ್ಡ ಗೌರವ ಬರೋದ್ರಲ್ಲಿದೆ, ಬಾಯಿ ಮುಚ್ಕೊಂಡಿರಮ್ಮಾ. ಸತ್ತವನಿಗೆ ಹೆಸರು ಯಾಕೆ?” ಬದುಕಿದ್ದ ನಿನಗೆ ಬೇಕಾಯಿತಲ್ಲ, ನಾಚಿಕೆಗೆಟ್ಟವನೇ! ಅವನು ತೊಟ್ಟ ಅಂಗಿ, ಚಡ್ಡಿ, ಚಪ್ಪಲಿ ಎಲ್ಲ ನೀನು ಹಾಕಿ ಬಿಟ್ಟದ್ದು. ಅವನಿಗೆಂದೇ ನಾವು ಹೊಸದಾಗಿ ಕೊಟ್ಟದ್ದು ಹೆಸರೊಂದೇ. ಅದನ್ನೂ ಕಿತ್ತುಕೊಂಡೆ.

ಸೊಸೆಗೂ ಮೊಮ್ಮಕ್ಕಳಿಗೂ ನನ್ನ ಆಶೀರ್ವಾದ ತಿಳಿಸು. ನಿನಗೆ ಸದ್ಯಕ್ಕೆ ಇಲ್ಲ.

ನಿಮ್ಮಿಬ್ಬರ ತಾಯಿ,
ಎರ್ಸಿಲಿಯಾ

ತಾ.ಕ.: ಕಾಗದ ಅಂಚೆಗೆ ಹಾಕುವ ಮೊದಲು ಇವತ್ತು ಸಮಾಧಿಗೆ ಹೋಗಿದ್ದೆ. ಶಿಲುಬೆಯ ಮೇಲೆ ಕಪ್ಪು ಬಣ್ಣದಲ್ಲಿ ‘ಫೌಸ್ತೋ ಕಾಬ್ರಾಲ್’ ಎಂದು ದಪ್ಪಗೆ ಬರೆದೆ. ಪಕ್ಕದಲ್ಲಿ ಸುಣ್ಣ ಬಳಿಯುತ್ತಿದ್ದ ಹೆಂಗಸರು “ಅಯ್ಯೋ ದೋನ್ಯಾ, ನಿಮ್ಮ ಮಗ ಗುಂಡುಕಲ್ಲಿನ ಹಾಗಿದ್ದಾನಲ್ಲ!” ಎಂದು ಓಡಿ ಬಂದರು. ನನಗೆ ಇಬ್ಬರು ಮಕ್ಕಳು, ಫೌಸ್ತೋ ಎಂದರೆ ಇವನು ಎಂದೆ. “ಹಾಗಾದ್ರೆ ದೊಡ್ಡವನ ಹೆಸರೇನು?” ಎಂದು ಕೇಳಿದರು. ಅದನ್ನು ಮೈದಾನಕ್ಕೆ ಅವನೇ ಬಂದು ಹೇಳುತ್ತಾನೆ ಎಂದಿದ್ದೇನೆ.