ಇರಜ್ ಮೂರು ಸಲ ಕೇಳುತ್ತಿದ್ದ

ತೆಹರಾನ್
ಮೆಹರ್ ತಿಂಗಳು, ಶುಕ್ರವಾರ

ಪ್ರೀತಿಯ ಗುಲ್ನಾರ್,

ಹೇಗಿದ್ದೀಯ ಮಗಳೇ? ಉತ್ತರ ತಡವಾಯಿತು, ಬೇಸರಿಸಬೇಡ. ತೂರಾನ್ ಚಿಕ್ಕಮ್ಮ ದಾಳಿಂಬೆ ರಸ ಕುದಿಸುತ್ತಿದ್ದಾಳೆ, ಮನೆಯೆಲ್ಲ ಹುಳಿ ವಾಸನೆ. ಮಂಡಿನೋವು ಬಿಟ್ಟರೆ ನಾನು ಕ್ಷೇಮ.

ನಿನ್ನ ಅಪ್ಪ ಇರಜ್ ಬರೆದಿಟ್ಟು ಹೋದ ಚಿತ್ರಕಥೆಯನ್ನು ನೀನೇ ನಿರ್ದೇಶಿಸುತ್ತಿದ್ದೀಯ, ಚಿತ್ರೀಕರಣ ಸೋಮವಾರ ಶುರು ಎಂದು ಓದಿ ಕಣ್ಣು ತುಂಬಿತು. ಇರಜ್ ನಿರ್ದೇಶಿಸಿದ ಒಂದು ಸಿನಿಮಾಕ್ಕೂ ನನ್ನ ಬಿಟ್ಟು ಬೇರೆಯವರು ಕ್ಯಾಮೆರಾ ಹಿಡಿದಿರಲಿಲ್ಲ. ಅದಕ್ಕೇ ನೀನು ಫೋನ್ ಮಾಡಿ ಮೊದಲು ನನ್ನನ್ನೇ ಕೇಳಿದೆ. "ನನ್ನಿಂದೇನಾಗುತ್ತಮ್ಮ, ಮುದುಕ. ಚಿಕ್ಕ ವಯಸ್ಸಿನೋರನ್ನ ನೋಡು" ಎಂದೆ. "ಸರಿ ಚಿಕ್ಕಪ್ಪ, ನಿಮ್ಮಿಷ್ಟ" ಎಂದೆ ನೀನು. ಮರ್ಯಾದೆಯ ಹುಡುಗಿ.

ನೀನು ಆರಿಸಿದ ಛಾಯಾಗ್ರಾಹಕ ಸೆಪೆಹ್ರ್ ನಿನ್ನೆ ಪಿಸ್ತಾ ಮಿಠಾಯಿ ಹಿಡಿದು ಬಂದಿದ್ದ. "ಗುರುಗಳೇ, ನೀವು ಮಾಡ್ಬೇಕಾದ ಸಿನಿಮಾ ಇದು. ನೀವೇ ಹೇಳ್ಕೊಡಿ" ಅಂದ. ಒಳ್ಳೆಯವನು. ಚಿತ್ರಕಥೆಯ ಅಜ್ಜಿ ಅಂಗಳದಲ್ಲಿ ಕಂಬಳಿ ಕೊಡವುವಾಗ ಬಿಸಿಲು ಅವಳ ಹಿಂದಿನಿಂದ ಬರಲಿ, ಧೂಳು ಹೊಳೆಯಬೇಕು ಎಂದು ಹೇಳಿಕೊಟ್ಟೆ. ಯುದ್ಧದ ಕಾಲದಲ್ಲಿ ದೀಪ ಸಿಗದೆ ಇರಜ್ ಕನ್ನಡಿ ಹಿಡಿದು ನಿಲ್ಲುತ್ತಿದ್ದ, ನಾನು ಮನೆಯ ಬಿಳಿ ಹೊದಿಕೆ ಕಟ್ಟಿ ಬಿಸಿಲನ್ನು ಮೆತ್ತಗೆ ಮಾಡುತ್ತಿದ್ದೆ. ಈಗ ಅದನ್ನೇ ನನ್ನ ಶೈಲಿ ಅನ್ನುತ್ತಾರೆ, ಪ್ರಶಸ್ತಿ ಕೊಡುತ್ತಾರೆ. "ಹೊದಿಕೆ ನಂದು, ಪ್ರಶಸ್ತಿನೂ ನಂಗೇ ಕೊಡ್ಬೇಕಿತ್ತು" ಎಂದು ತೂರಾನ್ ಅಡುಗೆಮನೆಯಿಂದಲೇ ಕೂಗಿದಳು.

ಚಿತ್ರೀಕರಣ ನಡೆಯುವ ನತಂಜ್‌ನಲ್ಲಿ ಬೆಳಗಿನ ಚಳಿ ಕೆಟ್ಟದ್ದು, ಉಣ್ಣೆ ಹಾಕಿಕೋ. ಇರಜ್‌ನ ಕಣ್ಣು ನಿನ್ನ ಜೊತೆಗಿರಲಿ. ದೇವರು ನಿನ್ನನ್ನು ಕಾಯಲಿ.

ನಿನ್ನ
ಬೆಹ್ರಂಗ್ ಚಿಕ್ಕಪ್ಪ

ತಾ.ಕ.: ಸೆಪೆಹ್ರ್ ಹೋದ ಮೇಲೆ ತೂರಾನ್ ಜಗಳಕ್ಕೆ ನಿಂತಳು.

"ಇಷ್ಟು ಆಸೆ ಇಟ್ಕೊಂಡು ಬೇಡ ಅಂತ ಯಾಕಂದ್ರಿ?"

"ಮೊದಲ್ನೇ ಸಲಕ್ಕೇ ಹೂಂ ಅನ್ನೋಕಾಗುತ್ತೇನೇ? ಇರಜ್ ಪ್ರತಿ ಸಿನಿಮಾಕ್ಕೂ ಮೂರು ಸಲ ಕೇಳ್ತಿದ್ದ. ಎರಡು ಸಲ ನಾನು ಬೇಡ ಅಂತಿದ್ದೆ."

"ಗುಲ್ನಾರ್ ಜರ್ಮನಿಯ ಹ್ಯಾಂಬರ್ಗ್‌ನಲ್ಲಿ ಬೆಳೆದೋಳು ರೀ. ಅಲ್ಲಿ ಬೇಡ ಅಂದ್ರೆ ತಟ್ಟೆ ಎತ್ತಿಟ್ಬಿಡ್ತಾರೆ."

ನಿನ್ನದೇನೂ ತಪ್ಪಿಲ್ಲ ಮಗಳೇ. ಆದರೆ ಅವತ್ತು ನೀನು ಫೋನಿಟ್ಟ ಮೇಲೆ, ಮತ್ತೆ ಕೇಳುತ್ತೀಯೆಂದು ವಾರವಿಡೀ ಅದರ ಪಕ್ಕದಲ್ಲೇ ಕೂತಿದ್ದೆ. ಸ್ನಾನಕ್ಕೆ ಹೋದರೂ ಬಾಗಿಲು ತೆರೆದಿಡುತ್ತಿದ್ದೆ. ಈ ಕಾಗದ ಸೋಮವಾರದೊಳಗೆ ನಿನಗೆ ತಲುಪುವುದಿಲ್ಲ. ಸೆಪೆಹ್ರ್‌ನ ಕೆಲಸ ಕಿತ್ತುಕೊಳ್ಳಬಾರದಲ್ಲ, ಅದಕ್ಕೇ ಫೋನ್ ಮಾಡದೆ ಬರೆದೆ.