ಎಡಗೈ ಎತ್ತಿದವರು

ಮಾರ್ಚ್ ೧೧, ಮಂಗಳವಾರ
ಸ್ಟಾಫ್‌ರೂಮು, ಕಿಟಕಿ ಪಕ್ಕದ ನಿನ್ನ ಹಳೇ ಕುರ್ಚಿ

ನನ್ನ ಬುಗುರಿಗೆ,

ನಿನ್ನ ಗಣಿತದ ಅಕ್ಕ ಅಡಿಪಟ್ಟಿ ಮಾಡುವ ಪ್ರೀತಿಯ ನೆನಪುಗಳು. ನಿಮ್ಮಮ್ಮನ ಕೆಮ್ಮು ಇಳಿಯಿತೇ? ನಿನ್ನ ಮಂಡಿನೋವು ಹೇಗಿದೆ? ಬಟ್ಟೆ ಅಂಗಡಿಯಲ್ಲಿ ಕೂರಲು ಸ್ಟೂಲು ಕೂಡ ಕೊಡುವುದಿಲ್ಲ ಅಂತ ಬರೆದಿದ್ದೆ. ಅದನ್ನು ಓದಿದ ದಿನ ನನಗೆ ಊಟ ಸೇರಲಿಲ್ಲ. ಒಂದಿಡೀ ತರಗತಿಯನ್ನು ಕುಣಿಸುತ್ತಿದ್ದವಳು, ಗಿರಾಕಿಗಳು ಕೆದರಿ ಬಿಟ್ಟುಹೋದ ಅಂಗಿಗಳನ್ನು ಮಡಚುತ್ತಾ ನಿಂತಿದ್ದೀಯಲ್ಲ ಅಂತ ಹಲ್ಲು ಕಡಿದೆ.

ಮೂರು ತಿಂಗಳಿಂದ ಉತ್ತರ ಬರೆದಿಲ್ಲ. ಬೈಯಿ, ಬೈಸಿಕೊಳ್ಳುತ್ತೇನೆ. ಪುರುಸೊತ್ತಿರಲಿಲ್ಲ ಅಂತ ಸುಳ್ಳು ಹೇಳುವುದಿಲ್ಲ. ಏನಾದರೂ ಮಾಡಿ ತೋರಿಸಿದ ಮೇಲೇ ನಿನಗೆ ಬರೆಯುವುದು ಅಂತ ಹಟ ಹಿಡಿದು ಕೂತಿದ್ದೆ. ಮಾಡಿದೆ ಕಣೇ! ಮೊನ್ನೆ ಶನಿವಾರ, ನಾನೂರು ಜನರ ಎದುರಿಗೆ, ನಮ್ಮ ಹೆಡ್‌ಮಾಸ್ಟರ್ ಇಸ್ತ್ರಿ ಸಾಹೇಬರ ನೀರಿಳಿಸಿದೆ. ಮೊದಲು ಎಲ್ಲಾದರೂ ಕೂತುಕೋ, ಆಮೇಲೆ ಓದು.

ಗೊತ್ತಿರುವುದನ್ನೇ ಅಕ್ಕ ಮತ್ತೆ ಬರೆಯುತ್ತಿದ್ದಾಳೆ ಅಂತ ನಗಬೇಡ. ವಿಚಾರಣೆಯವರಿಗೆ ಎಲ್ಲವನ್ನೂ ಬರೆದುಕೊಡಬೇಕಾಗಿದೆ. ಮೊದಲು ನಿನ್ನ ಮುಂದೆ ಒಪ್ಪಿಸಿ ಬಾಯಿಪಾಠ ಮಾಡಿಕೊಳ್ಳುತ್ತೇನೆ. ತಪ್ಪಿದ್ದರೆ ತಿದ್ದು.

ಎಲ್ಲ ಶುರುವಾಗಿದ್ದು ನಮ್ಮ ಸಿಸ್ಟರಮ್ಮನಿಂದ ಅಲ್ಲವೇ? ಶಾಲೆಯ ನರ್ಸಿಗೆ ಮುಲಾಮು ಹಚ್ಚುವುದು ಬಿಟ್ಟು ಬೇರೇನು ಕೆಲಸ ಅಂತ ನಾವೆಲ್ಲ ಅಂದುಕೊಂಡಿದ್ದ ಕಾಲ. ಒಂದು ದಿನ ತನ್ನ ನೋಟ್‌ಬುಕ್ಕು ಹಿಡಿದುಕೊಂಡು ಇಲ್ಲಿಗೇ ಬಂದಳು. “ಮೇಡಂ, ಕೋಪ ಮಾಡ್ಕೋಬೇಡಿ. ಹೊಟ್ಟೆನೋವು ಅಂತ ನನ್ನ ಹತ್ರ ಬರೋ ಮಕ್ಕಳಲ್ಲಿ ಮುಕ್ಕಾಲು ಪಾಲು ನಿಮ್ಮ ಗಣಿತದ ಪಿರಿಯಡ್ಡಿಗೆ ಮುಂಚೆನೇ ಬರ್ತಾರೆ,” ಅಂದಳು. ನಾನು ಕೋಪ ಮಾಡಿಕೊಂಡೆ, ಮತ್ತೇನು! ಕುಣಿಯಲಾರದವಳು ನೆಲ ಡೊಂಕು ಅಂದಳಂತೆ, ಲೆಕ್ಕ ಬಾರದವರಿಗೆಲ್ಲ ಹೊಟ್ಟೆನೋವೇ ಅಂತ ಕೂಗಾಡಿದೆ. ನೀನು ಗೋಡೆಗೊರಗಿ ನಗುತ್ತಿದ್ದೆ. “ಅಕ್ಕಾ, ನೆಲ ಡೊಂಕಾಗಿದ್ರೂ ಇರಬಹುದು. ಒಂದ್ಸಲ ನಿನ್ನ ಲೆಕ್ಕಾನ ನನ್ನ ಕೋಣೆಗೆ ತಗೊಂಡು ಬಾ. ಕಾಲಲ್ಲಿ ಮಾಡಿಸೋಣ,” ಅಂದೆ.

ಹಾಗೆ ನಿನ್ನ ನೃತ್ಯದ ಕೋಣೆಯ ನೆಲದಲ್ಲಿ ಸುಣ್ಣದಕಡ್ಡಿಯಿಂದ ದೊಡ್ಡ ವೃತ್ತ ಬರೆದೆವು. ಕಾಲು ಸುತ್ತು ತಿರುಗಿದರೆ ತೊಂಬತ್ತು ಡಿಗ್ರಿ, ಅರ್ಧ ಸುತ್ತು ತಿರುಗಿದರೆ ನೂರ ಎಂಬತ್ತು. ನಾನು ಹದಿನೆಂಟು ವರ್ಷ ಬೋರ್ಡಿನ ಮೇಲೆ ಗೀಚಿದ್ದು ಮಕ್ಕಳ ಹಿಮ್ಮಡಿಗೆ ಒಂದು ವಾರದಲ್ಲಿ ಹತ್ತಿತು. ಸಿಸ್ಟರಮ್ಮ ಮೂಲೆಯಲ್ಲಿ ಕೂತು ಯಾವ ಮಗುವಿನ ಉಸಿರು ಬಿಗಿಯಾಗುತ್ತದೆ, ಯಾರು ಉಗುರು ಕಚ್ಚುತ್ತಾರೆ ಅಂತ ನೋಡುತ್ತಿದ್ದಳು. “ಲೆಕ್ಕ ಅಲ್ಲ ಮೇಡಂ, ಎದ್ದು ನಿಲ್ಲಿಸಿ ಕೇಳ್ತೀರಲ್ಲ, ಅದಕ್ಕೆ ಹೆದರೋದು,” ಅಂತ ಕಂಡುಹಿಡಿದವಳು ಅವಳೇ.

ಅದಕ್ಕೆ ನೀನು ಮದ್ದು ಹುಡುಕಿದೆ. ಉತ್ತರ ಗೊತ್ತಿದ್ದರೆ ಬಲಗೈ, ಗೊತ್ತಿಲ್ಲದಿದ್ದರೆ ಎಡಗೈ. ಎಲ್ಲರೂ ಕೈ ಎತ್ತಬಹುದು, ಯಾರಿಗೂ ನಾಚಿಕೆಯಿಲ್ಲ. ಎಡಗೈ ಎತ್ತಿದವರನ್ನು ಟೀಚರ್ ಯಾವತ್ತೂ ಎಬ್ಬಿಸಿ ಕೇಳುವುದಿಲ್ಲ, ಆಮೇಲೆ ಪಕ್ಕದಲ್ಲಿ ಬಂದು ಕೂತು ಹೇಳಿಕೊಡುತ್ತಾರೆ. ಮಕ್ಕಳ ಮುಂದೆ ನೀನೂ ನಾನೂ ಆಣೆ ಮಾಡಿದೆವು. ಎರಡು ತಿಂಗಳಲ್ಲಿ ಸಿಸ್ಟರಮ್ಮನ ಕೋಣೆಯ ಮಂಚ ಖಾಲಿಯಾಯಿತು.

ಅಷ್ಟರಲ್ಲಿ ಅದು ಇಸ್ತ್ರಿ ಸಾಹೇಬರ ಕಣ್ಣಿಗೆ ಬಿತ್ತು. ಯಾರೋ ಅತಿಥಿಗಳು ಬಂದಾಗ ತರಗತಿಯ ತುಂಬ ಕೈಗಳು ಎದ್ದಿದ್ದವು. ಅವರು “ಎಂಥಾ ಶಾಲೆ ರೀ ನಿಮ್ಮದು, ದಡ್ಡ ಅನ್ನೋನೇ ಇಲ್ಲ!” ಅಂತ ಬೆನ್ನು ತಟ್ಟಿ ಹೋದರು. ಬೆಕ್ಕಿಗೆ ಹಾಲಿನ ರುಚಿ ಹತ್ತಿತು. ಅಲ್ಲಿಂದ ವಾರಕ್ಕೊಬ್ಬ ಅತಿಥಿ, ವಾರಕ್ಕೊಂದು ಪ್ರದರ್ಶನ. ನೀನು ಹೋಗಿ ಮುಖಕ್ಕೆ ಹೊಡೆದಂತೆ ಹೇಳಿದೆ, “ಇದು ಮಕ್ಕಳಿಗೋಸ್ಕರ ಸರ್, ಬಂದು ಹೋಗೋರಿಗಲ್ಲ.” ಮುಂದಿನ ಮೀಟಿಂಗಿನಲ್ಲೇ ಅವರು ಷರಟಿನ ತೋಳಿನ ಗೆರೆ ಸರಿಮಾಡಿಕೊಳ್ಳುತ್ತಾ, “ಗಣಿತಕ್ಕೂ ಕುಣಿತಕ್ಕೂ ಏನಮ್ಮಾ ಸಂಬಂಧ?” ಅಂತ ಕೇಳಿ ನಿನ್ನ ಹುದ್ದೆಯನ್ನೇ ತೆಗೆದುಹಾಕಿದರು. ಎಂಟು ವರ್ಷದ ಕೆಲಸ, ಎಂಟು ನಿಮಿಷ ಹಿಡಿಯಲಿಲ್ಲ.

ಆ ದಿನ ನಾನು ಮೇಜು ನೋಡುತ್ತಾ ಕೂತಿದ್ದೆ. ಬಾಯಿಗೆ ಬೀಗ ಹಾಕಿಕೊಂಡಿದ್ದೆ. ನೀನು ಒಂದು ದಿನವೂ ಅದನ್ನು ಎತ್ತಿ ಆಡಲಿಲ್ಲ. ಎತ್ತಿ ಆಡಿದ್ದರೆ ನನಗೆ ಎಷ್ಟೋ ಹಗುರಾಗುತ್ತಿತ್ತು.

ವರ್ಷ ತುಂಬುವುದರೊಳಗೆ ಸಾಹೇಬರ ಪುಸ್ತಕ ಬಂತು. ಮಿರಮಿರ ಮಿಂಚುವ ಹೊದಿಕೆ. ಗಣಿತ, ನೃತ್ಯ, ಆರೋಗ್ಯ, ಮೂರನ್ನೂ ಬೆಸೆದ ಹೊಸ ಶಿಕ್ಷಣ ಪದ್ಧತಿಯಂತೆ. ಅವರಿಗೆ ಬೆಳಗಿನ ನಡಿಗೆಯಲ್ಲಿ ಹೊಳೆಯಿತಂತೆ! ನಿನ್ನ ಹೆಸರಿಲ್ಲ, ಸಿಸ್ಟರಮ್ಮನ ಹೆಸರಿಲ್ಲ. ನಾನು ಕೊನೇ ಪುಟದ ‘ಸಹಕರಿಸಿದ ಸಿಬ್ಬಂದಿ’ಯಲ್ಲಿದ್ದೆ. ಆ ಪುಟವನ್ನು ಹರಿದು ಪರ್ಸಿನಲ್ಲಿ ಇಟ್ಟುಕೊಂಡೆ. ಸಿಟ್ಟು ಆರುತ್ತಿದೆ ಅನಿಸಿದಾಗಲೆಲ್ಲ ತೆಗೆದು ಓದುತ್ತಿದ್ದೆ.

ಈ ವರ್ಷ ಆ ಪುಸ್ತಕಕ್ಕೆ ಪದಕ ಬಂತು. ಸಮಾರಂಭದಲ್ಲಿ, ವೇದಿಕೆಯ ಮೇಲೆ ಮಕ್ಕಳನ್ನು ಕೂರಿಸಿ ಒಂದು ಮಾದರಿ ಪಾಠ ಆಗಬೇಕು ಅಂತ ಪದಕ ಕೊಡುವವರು ಕೇಳಿದರು. ಪಾಠ ಮಾಡುವವಳು ಯಾರು? ಬಾಯಿಲ್ಲದ ನಾನು. ಸಾಹೇಬರು ನನ್ನನ್ನು ಕರೆಸಿ, “ಮೇಡಂ, ಬಲಗೈಯವರನ್ನ ಮಾತ್ರ ಕೇಳಿ. ಎಡಗೈಯವರ ತಂಟೆಗೆ ಹೋಗ್ಲೇಬೇಡಿ,” ಅಂದರು. “ಗೊತ್ತು ಸರ್,” ಅಂದೆ. ಆ ಕ್ಷಣದಲ್ಲೇ ನನಗೆ ದಾರಿ ಕಂಡಿತು. ಒಂದು ತಿಂಗಳು ಯಾರಿಗೂ ಹೇಳದೆ ಹೊಟ್ಟೆಯೊಳಗೆ ಇಟ್ಟುಕೊಂಡೆ. ಸಿಸ್ಟರಮ್ಮನಿಗೂ ಹೇಳಲಿಲ್ಲ.

ಶನಿವಾರ ಸಭಾಂಗಣ ತುಂಬಿತ್ತು. ಮುಂದಿನ ಸಾಲಿನಲ್ಲಿ ಪದಕ ಸಮಿತಿಯ ಅಧ್ಯಕ್ಷೆ, ಬೆಳ್ಳಗಿನ ಕೂದಲಿನ ಹಿರಿಯ ಪ್ರೊಫೆಸರ್. ಅವರ ಪಕ್ಕ ಸಾಹೇಬರು. ಮಕ್ಕಳು ಸುತ್ತು ತಿರುಗಿದರು, ಕೋನ ಹೇಳಿದರು, ಚಪ್ಪಾಳೆ ಬಿತ್ತು. ಆಮೇಲೆ ಕೇಳಿದೆ, “ನೂರ ಮೂವತ್ತೈದು ಡಿಗ್ರಿ ಅಂದರೆ ಪೂರ್ತಿ ಸುತ್ತಿನಲ್ಲಿ ಎಷ್ಟು ಪಾಲು?” ಬೇಕೆಂದೇ ಕಷ್ಟದ್ದು ಆರಿಸಿದ್ದೆ. ಮೂವತ್ತೆರಡು ಕೈಗಳು ಮೇಲೆದ್ದವು, ಅದರಲ್ಲಿ ಇಪ್ಪತ್ತಕ್ಕೂ ಹೆಚ್ಚು ಎಡಗೈ. ಜನ ಅದನ್ನೆಲ್ಲಿ ನೋಡುತ್ತಾರೆ? ಇನ್ನೂ ಜೋರಾಗಿ ಚಪ್ಪಾಳೆ ತಟ್ಟಿದರು.

ನಾನು ಬಸ್ ಡ್ರೈವರನ ಮಗನನ್ನು ಎಬ್ಬಿಸಿದೆ. ಎಡಗೈ. ಅವನು ತಲೆ ಕೆರೆದುಕೊಂಡು “ಗೊತ್ತಿಲ್ಲ ಟೀಚರ್,” ಅಂದ. ಸಭೆ ನಕ್ಕಿತು. ಬೇಕರಿಯವರ ಮಗಳನ್ನು ಎಬ್ಬಿಸಿದೆ. ಅವಳೂ ಎಡಗೈ. ತಲೆ ಅಡ್ಡಡ್ಡ ಆಡಿಸಿದಳು. ಈಗ ಯಾರೂ ನಗಲಿಲ್ಲ. ಸಾಹೇಬರು ಕುರ್ಚಿಯ ತುದಿಗೆ ಬಂದು ಕಣ್ಣಲ್ಲೇ ನನ್ನನ್ನು ಸುಡುತ್ತಿದ್ದರು. ಮೂರನೆಯ ಮಗು ಮೈಕಿನಲ್ಲಿ ಗುಟ್ಟು ಒಡೆಯಿತು. ಮಿಕ್ಕಿದ್ದನ್ನು ನಾನು ಹೇಳಿದೆ. ಎಡಗೈ ಅಂದರೆ ಏನು, ಅದನ್ನು ಹುಡುಕಿದವರು ಯಾರು, ಅವರು ಈಗ ಎಲ್ಲಿ ಅಂಗಿ ಮಡಚುತ್ತಿದ್ದಾರೆ, ಇಂಥದ್ದನ್ನು ಅತಿಥಿಗಳ ಕಣ್ಣಿಗೆ ಮಣ್ಣೆರಚಲು ಬಳಸಿಕೊಂಡವರು ಯಾರು, ಎಲ್ಲ. ನಿನ್ನ ಹೆಸರನ್ನು ಎರಡು ಸಲ ಹೇಳಿದೆ, ಎರಡನೇ ಸಲ ಬಿಡಿಸಿ ಬಿಡಿಸಿ ಹೇಳಿದೆ.

ಸಾಹೇಬರ ಮುಖ ನೋಡಬೇಕಿತ್ತು ನೀನು! ಹರಳೆಣ್ಣೆ ಕುಡಿದವರ ಹಾಗಿತ್ತು. ಅಧ್ಯಕ್ಷೆ ಎದ್ದು, “ಈ ಪದಕ ಇವತ್ತು ಇಲ್ಲಿ ಕೊಡೋಕಾಗಲ್ಲ,” ಅಂತ ಒಂದೇ ಮಾತು ಹೇಳಿ ಪೆಟ್ಟಿಗೆ ಮುಚ್ಚಿಸಿದರು. ಪರದೆಯ ಹಿಂದೆ ಸಾಹೇಬರು ನನ್ನನ್ನು ಅಡ್ಡಗಟ್ಟಿದರು. ಷರಟು ಬೆವರಿಗೆ ಬೆನ್ನಿಗಂಟಿತ್ತು. “ನಾನು ನಿಮಗೇನು ಅನ್ಯಾಯ ಮಾಡಿದ್ದೆ ಮೇಡಂ?” ಅಂದರು. “ನನಗಲ್ಲ ಸರ್. ಗಣಿತಕ್ಕೂ ಕುಣಿತಕ್ಕೂ ಏನು ಸಂಬಂಧ ಅಂತ ಕೇಳಿದ್ರಲ್ಲ, ಅವತ್ತು ಉತ್ತರ ಕೊಟ್ಟಿರಲಿಲ್ಲ,” ಅಂದೆ. ಪಾಪ ಅನಿಸಲಿಲ್ಲವಾ ಅಂತ ಕೇಳಬೇಡ. ಇಲ್ಲ. ಮಾಡಿದ್ದುಣ್ಣೋ ಮಹರಾಯ! ಅವತ್ತು ಬಸ್ಸಿನಲ್ಲಿ ಒಬ್ಬಳೇ ನಗುತ್ತಾ ಮನೆಗೆ ಬಂದೆ.

ಸಾಹೇಬರು ನಿನ್ನೆಯಿಂದ ರಜೆಯ ಮೇಲಿದ್ದಾರೆ. ಇಪ್ಪತ್ತನೇ ತಾರೀಕು ವಿಚಾರಣೆ. ಆಡಳಿತ ಮಂಡಳಿಯವರು ನಿನ್ನ ವಿಳಾಸ ಕೇಳಿದರು, ಕೊಟ್ಟಿದ್ದೇನೆ. ಕರೆದರೆ ಬಿಗುಮಾನ ಮಾಡದೆ ಬಾ. ಹುದ್ದೆ ವಾಪಸ್ಸು ಕೊಡುತ್ತಾರೆ ಅಂತ ಗುಮಾಸ್ತ ಆಗಲೇ ಪಿಸುಗುಟ್ಟುತ್ತಿದ್ದಾನೆ. ಅಂಗಡಿಯವರಿಗೆ ನೀನೇ ನಾಲ್ಕು ಮಾತು ಅಂದು ಬಾ, ನನ್ನ ಲೆಕ್ಕದಲ್ಲಿ ಇನ್ನೆರಡು ಸೇರಿಸು.

ಅಮ್ಮನಿಗೆ ನನ್ನ ನಮಸ್ಕಾರ ತಿಳಿಸು. ನಿನ್ನ ಮಂಡಿ ಗಟ್ಟಿಯಾಗಲಿ, ನಿನ್ನ ಕಾಲು ಅದು ಇರಬೇಕಾದ ನೆಲದ ಮೇಲೇ ನಿಲ್ಲಲಿ, ನಿನ್ನನ್ನು ಅಳಿಸಿದವರು ನಿನ್ನ ಹೆಸರು ಕೇಳಿ ಎದ್ದು ನಿಲ್ಲುವಂತಾಗಲಿ.

ಇಂತಿ ನಿನ್ನ ಅಕ್ಕ,
ಅಡಿಪಟ್ಟಿ

ಮರೆತ ಮಾತು: ಮರೆತದ್ದಲ್ಲ, ಬರೆಯಲಾಗದೆ ಬಿಟ್ಟದ್ದು. ಬಡಗಿಯ ಮಗಳು ಹೇಗಿದ್ದಾಳೆ ಅಂತ ನೀನು ಹಿಂದಿನ ಪತ್ರದಲ್ಲಿ ಕೇಳಿದ್ದೆ. ಒಂದು ವರ್ಷ ಯಾರ ಜೊತೆಗೂ ಮಾತಾಡದೆ, ಕೊನೆಗೆ ನಿನ್ನ ಕೋಣೆಯಲ್ಲಿ ಬಾಯಿ ಬಿಟ್ಟಳಲ್ಲ, ಅವಳು.

ಮೂರನೆಯ ಮಗು ಅವಳೇ ಕಣೇ. ಸುಮ್ಮನೆ ಸಿಕ್ಕಿದವಳಲ್ಲ, ನಾನು ಹುಡುಕಿ ಕರೆದದ್ದು. ಇವಳು ಸುಳ್ಳು ಹೇಳುವವಳಲ್ಲ ಅಂತ ಗೊತ್ತಿತ್ತು. ಎದ್ದು ನಿಂತವಳು ಗಾಬರಿಯಾಗಲಿಲ್ಲ. ನಾನು ಸರಿಯಾಗಿ ನೋಡಿಲ್ಲ ಅಂತ ಅಂದುಕೊಂಡಳು. ಎಡಗೈಯನ್ನು ಇನ್ನೂ ಮೇಲೆ ಎತ್ತಿ ನನಗೆ ತೋರಿಸಿ, ಮೆಲ್ಲಗೆ, “ಟೀಚರ್, ನಾನು ಎಡಗೈ ಎತ್ತಿದ್ದು,” ಅಂದಳು. ನನಗೆ ತಪ್ಪು ತಿದ್ದಿಕೊಳ್ಳಲು ಜಾಗ ಕೊಟ್ಟಳು. ಆದರೆ ಹಿಂದಿನ ಸಾಲಿಗೆ ಕೇಳಿಸಿರಲಿಲ್ಲವಲ್ಲ. ನಾನು ಅವಳ ಬಾಯಿಗೆ ಮೈಕು ಹಿಡಿದೆ. “ಜೋರಾಗಿ ಹೇಳಮ್ಮ, ಎಡಗೈ ಅಂದ್ರೆ ಏನು?” ಅಂದೆ. “ನನಗೆ ಬರಲ್ಲ ಅಂತ,” ಅಂದಳು. ನಾನೂರು ಜನರಿಗೆ ಕೇಳಿಸಿತು. ಎಬ್ಬಿಸುವುದಿಲ್ಲ ಅಂತ ಆಣೆ ಮಾಡಿದವಳು ನಾನು. ಸಾಹೇಬರು ಕೂಡ, ಎಷ್ಟೇ ಆಟ ಆಡಿಸಿದರೂ, ಒಂದು ಸಲವೂ ಆ ಆಣೆ ಮುರಿದಿರಲಿಲ್ಲ.

ನಿನ್ನೆ ಅವಳು ಸಿಸ್ಟರಮ್ಮನ ಕೋಣೆಯಲ್ಲಿದ್ದಳು, ಹೊಟ್ಟೆನೋವಂತೆ. ಅವಳ ಜೊತೆ ಇನ್ನೂ ಐದು ಮಕ್ಕಳು. ಸಿಸ್ಟರಮ್ಮ ನನ್ನ ಜೊತೆ ಮಾತು ಬಿಟ್ಟಿದ್ದಾಳೆ. ಕ್ಷಮೆ ಕೇಳಬೇಕು ಅಂತ ಹೋಗಿ ಆ ಹುಡುಗಿಯ ಮಂಚದ ಮೇಲೆ, ಪಕ್ಕದಲ್ಲಿ ಕೂತೆ. ಅವಳು ಬೆದರಿ ಎದ್ದು ನಿಂತು ಎರಡೂ ಕೈಗಳನ್ನು ಬೆನ್ನ ಹಿಂದೆ ಕಟ್ಟಿಕೊಂಡಳು.

“ಟೀಚರ್,” ಅಂದಳು, “ನಾನು ಕೈನೇ ಎತ್ತಿಲ್ಲ.”